ಆಯಾಮದ ಗಡಿ ದಾಟುವ ಯಂತ್ರ ಹೇಗಿರಬೇಕು?

ಪ್ರಶ್ನೆ: ನನ್ನ ವಿಜ್ಞಾನ ಕಥೆಯಲ್ಲಿ ಎರಡು ಲೋಕಗಳ ಗಡಿ ದಾಟುವ, ಅದು ಹರಿದರೆ ಸರಿಪಡಿಸುವ ಯಂತ್ರವಿದೆ. ನಂಬುವಂತೆ ವರ್ಣಿಸುವುದು ಹೇಗೆ?

ಉತ್ತರ: ದಾರಿ ತೆರೆಯುವುದಕ್ಕಿಂತ ತೆರೆದಿಡುವುದೇ ಕಷ್ಟ, ಕಥೆಗೆ ಬೇಕಾದ ಬಿಗಿಯೂ ಅಲ್ಲೇ ಇದೆ. 1935ರಲ್ಲಿ ಭೌತವಿಜ್ಞಾನಿಗಳಾದ ಐನ್‌ಸ್ಟೈನ್, ರೋಸೆನ್ ಲೆಕ್ಕ ಹಾಕಿದ, ದೇಶಕಾಲದ ಎರಡು ಭಾಗಗಳನ್ನು ಜೋಡಿಸುವ ಸೇತುವೆ ಬೆಳಕು ದಾಟುವ ಮೊದಲೇ ಕುಸಿಯುತ್ತದೆ. ಅದನ್ನು ತಡೆಯಲು ಋಣಶಕ್ತಿ, ಅಂದರೆ ಖಾಲಿ ಜಾಗಕ್ಕಿಂತಲೂ ಕಡಿಮೆ ಶಕ್ತಿ, ಬೇಕು. ಹಾಗಾಗಿ ಯಂತ್ರದೊಳಗೆ, ನಿರ್ವಾತದಲ್ಲಿ, ಎರಡು ಲೋಹದ ಫಲಕಗಳನ್ನು ಒಂದು ಮೈಕ್ರೋಮೀಟರ್‌ಗಿಂತ ಕಡಿಮೆ ಅಂತರದಲ್ಲಿ ನಿಲ್ಲಿಸಿ. 1948ರಲ್ಲಿ ಭೌತವಿಜ್ಞಾನಿ ಕಾಸಿಮಿರ್ ತೋರಿಸಿದಂತೆ, ವಿದ್ಯುದಾವೇಶ ಇಲ್ಲದಿದ್ದರೂ ಅವು ಪರಸ್ಪರ ಸೆಳೆಯುತ್ತವೆ. ಅಂತರ ಅರ್ಧವಾದರೆ ಸೆಳೆತ 16 ಪಟ್ಟು. ನಿಜದಲ್ಲಿ ಫಲಕಗಳ ನಡುವೆ ಸಿಗುವ ಈ ಋಣಶಕ್ತಿ ಅತ್ಯಲ್ಪ, ಅದನ್ನು ಹಿಗ್ಗಿಸುವ ಭಾಗವೊಂದನ್ನೇ ಕಲ್ಪಿಸಿಕೊಳ್ಳಿ. ಫಲಕಗಳು ಅಂಟಿಕೊಂಡಾಗ ಗಡಿ ಹರಿಯಲಿ. ರಿಪೇರಿಗೆ ಮೊದಲು ಒಳಗಿರುವವರನ್ನು ಹೊರತರಬೇಕು. ಆಮೇಲೆ ಫಲಕ ಬಿಡಿಸಿ, ಧೂಳು ತೆಗೆದು, ಸಮಾನಾಂತರಕ್ಕೆ ಹೊಂದಿಸಬೇಕು.