ಹುಟ್ಟಿದ ಮನೆಯ ಮತವನ್ನು ಜನ ಬಿಡುವುದೇಕೆ?

ಜನರು ತಾವು ಹುಟ್ಟಿ ಬೆಳೆದ ಮತವನ್ನು ಬಿಡುವುದಕ್ಕೆ ಆಮಿಷ ಕಾರಣವೋ, ಓದು ವಿಚಾರಗಳು ಕಾರಣವೋ ಎಂದು ಕೇಳಿದ್ದೀರಿ. ನಿಮ್ಮ ತಮ್ಮ ಈಚೆಗೆ ಮನೆದೇವರ ಜಾತ್ರೆಗೂ ಬರುವುದನ್ನು ನಿಲ್ಲಿಸಿದ್ದಾನೆ, ಅವನನ್ನು ಏನೆಂದು ಕೇಳಬೇಕೋ ತಿಳಿಯದಾಗಿದೆ ಎಂದೂ ಬರೆದಿದ್ದೀರಿ. ನಾನು ಕೊಪ್ಪಳದಲ್ಲಿ ಪದವಿ ಪೂರ್ವ ವಿದ್ಯಾರ್ಥಿಗಳಿಗೆ ಇತಿಹಾಸ ಕಲಿಸುವವನು. ನನ್ನ ತಾಯಿಯ ತವರು ರಾಯಚೂರು ಜಿಲ್ಲೆಯ ಮಾನ್ವಿ ತಾಲ್ಲೂಕಿನಲ್ಲಿದೆ. ಎರಡೂ ಕಡೆ ಮತ ಬಿಟ್ಟವರನ್ನು, ಬದಲಿಸಿದವರನ್ನು, ಬಿಟ್ಟೂ ಬಿಡದಂತೆ ಇರುವವರನ್ನು ಬಲ್ಲೆ. ನೀವು ಹೇಳಿದ ಎರಡೂ ಕಾರಣಗಳು ಉಂಟು, ಆದರೆ ಅವೆರಡೂ ಮುಖ್ಯವಲ್ಲ ಎಂಬುದು ನನ್ನ ಅಭಿಪ್ರಾಯ. ಹೆಚ್ಚಿನವರಿಗೆ ಮೊದಲು ನಂಬಿಕೆ ಸಡಿಲವಾಗುವುದು ಆ ಮತದ ಹೆಸರಿನಲ್ಲಿ ತಮ್ಮ ಸುತ್ತ ಇದ್ದ ಜನರ ಮೇಲೆ. ದೇವರ ಸರದಿ ಆಮೇಲೆ ಬರುತ್ತದೆ, ಎಷ್ಟೋ ಸಲ ಬರುವುದೇ ಇಲ್ಲ.

ಮೊದಲು ಪ್ರಮಾಣದ ಮಾತು. ಅಮೆರಿಕದ ಪ್ಯೂ ಸಂಶೋಧನಾ ಕೇಂದ್ರವು 2019ರ ಕೊನೆಯಿಂದ 2020ರ ಆರಂಭದವರೆಗೆ ಭಾರತದ ಸುಮಾರು 30,000 ವಯಸ್ಕರನ್ನು ಮಾತನಾಡಿಸಿ 2021ರಲ್ಲಿ ವರದಿ ಪ್ರಕಟಿಸಿತು. ಅದರಂತೆ ಶೇ. 98ರಷ್ಟು ಜನ ತಾವು ಬೆಳೆದ ಮತದಲ್ಲಿಯೇ ಇದ್ದಾರೆ. ಹಿಂದೂಗಳಾಗಿ ಬೆಳೆದು ಹೊರಹೋದವರು ಶೇ. 0.7, ಹೊರಗೆ ಬೆಳೆದು ಹಿಂದೂಗಳಾದವರು ಶೇ. 0.8. ಊರ ಕಟ್ಟೆಯ ಮೇಲೆ ಕುಳಿತು ಮತಾಂತರದ ಬಗ್ಗೆ ಆಡುವ ಮಾತಿಗೂ ಈ ಅಂಕಿಗಳಿಗೂ ಹೊಂದಾಣಿಕೆ ಕಡಿಮೆ. ಆದರೆ ಸಮೀಕ್ಷೆಗೆ ಸಿಗುವುದು ಬಾಯಿಬಿಟ್ಟು ಹೇಳುವ ಹೆಸರು ಮಾತ್ರ; ಮನೆಯೊಳಗೆ ಬದಲಾದದ್ದು ಅದಕ್ಕೆ ಸಿಗುವುದಿಲ್ಲ ಎಂಬುದನ್ನು ಮುಂದೆ ಹೇಳುತ್ತೇನೆ.

ಮತ ಬದಲಾವಣೆ ಎಂದರೆ ಒಂದು ದಿನ, ಒಂದು ಗಳಿಗೆಯ ಘಟನೆ ಎಂಬ ಕಲ್ಪನೆ ನಮ್ಮಲ್ಲಿ ಬಲವಾಗಿದೆ. ಅಶೋಕನ ಪಾಠ ಮಾಡುವಾಗ ಮಕ್ಕಳೆಲ್ಲರೂ ಕಳಿಂಗದ ರಣರಂಗದಲ್ಲಿ ಹೆಣಗಳ ನಡುವೆ ನಿಂತು ಆ ಕ್ಷಣವೇ ಬೌದ್ಧನಾದ ರಾಜನನ್ನು ಕಣ್ಮುಂದೆ ತಂದುಕೊಳ್ಳುತ್ತಾರೆ. ಅವನೇ ಬರೆಸಿದ ಮಾತು ಬೇರೆಯಿದೆ, ಮತ್ತು ಅದು ನಮ್ಮ ನೆಲದಲ್ಲಿಯೇ ಇದೆ. ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ 1915ರಲ್ಲಿ ಸಿಕ್ಕ ಶಾಸನವು ಅಶೋಕ ಎಂಬ ಹೆಸರು ಇರುವುದರಿಂದ ಪ್ರಸಿದ್ಧವಾಯಿತು. ಅದೇ ಶಾಸನದ ಇನ್ನೊಂದು ಪ್ರತಿ ಕೊಪ್ಪಳದ ಗವಿಮಠದ ಬಂಡೆಯ ಮೇಲೆ ಇದೆ. ತಾನು ಬೌದ್ಧ ಉಪಾಸಕನಾಗಿ, ಎಂದರೆ ಬುದ್ಧನ ಗೃಹಸ್ಥ ಅನುಯಾಯಿಯಾಗಿ, ಎರಡೂವರೆ ವರ್ಷಕ್ಕಿಂತ ಹೆಚ್ಚಾಯಿತು, ಆದರೆ ಮೊದಲ ಒಂದು ವರ್ಷ ಅಷ್ಟೇನೂ ಶ್ರಮಪಡಲಿಲ್ಲ, ಭಿಕ್ಷುಗಳ ಸಂಘದ ಸಮೀಪಕ್ಕೆ ಬಂದ ಮೇಲೆ ಹೆಚ್ಚು ಶ್ರಮಿಸಿದೆ ಎಂಬುದು ಅದರ ಆರಂಭದ ಸಾರ. ಚಕ್ರವರ್ತಿಯಾದವನಿಗೂ ನಂಬಿಕೆ ಗಟ್ಟಿಯಾದದ್ದು ಆ ನಂಬಿಕೆಯ ಜನರ ಒಡನಾಟ ದೊರೆತ ಮೇಲೆ. ಅದೇ ಕೊಪ್ಪಳವು ಒಂದು ಕಾಲಕ್ಕೆ ಕೊಪಣವೆಂಬ ಹೆಸರಿನ ಮಹಾ ಜೈನತೀರ್ಥವಾಗಿತ್ತು. ಇಂದು ಊರಿನ ದೊಡ್ಡ ಜಾತ್ರೆ ಗವಿಸಿದ್ಧೇಶ್ವರನದು. ಇಡೀ ಊರು ಮತ ಬದಲಿಸಿದ ದಿನ ಯಾವುದು ಎಂದು ವಿದ್ಯಾರ್ಥಿಗಳು ಕೇಳುತ್ತಾರೆ. ಅಂಥ ದಿನವೆಂಬುದು ಇರಲಿಲ್ಲ. ರಾಜಾಶ್ರಯ ಹೋಯಿತು, ದಾನ ಕೊಡುವ ವರ್ತಕರು ಬೇರೆ ಕಡೆ ಹೊರಳಿದರು, ಶರಣರ ಹಾದಿ ದುಡಿಯುವ ಜನರಿಗೆ ಹತ್ತಿರವಾಯಿತು. ತಲೆಮಾರುಗಳ ನಡುವೆ ಎಲ್ಲಿಯೋ ಮೊಮ್ಮಕ್ಕಳ ದೇವರು ಬೇರೆಯಾಗಿದ್ದ.

ಈಗ ಒಡನಾಟದ ಮಾತನ್ನೇ ಹಿಡಿದು ಹೇಳುತ್ತೇನೆ, ಏಕೆಂದರೆ ನಿಮ್ಮ ಪ್ರಶ್ನೆಯ ತಿರುಳು ಅಲ್ಲಿದೆ. ನನ್ನ ಸೋದರಮಾವನ ಊರಿನಲ್ಲಿ ಗೌಂಡಿ ಕೆಲಸದವನೊಬ್ಬನಿದ್ದಾನೆ. ಮಳೆ ಕೈಕೊಟ್ಟ ವರ್ಷ ಹೆಂಡತಿ ಮಕ್ಕಳೊಡನೆ ಬೆಂಗಳೂರಿಗೆ ಗುಳೆ ಹೋದ. ಅಲ್ಲಿ ಕಟ್ಟಡದ ಮೇಲಿಂದ ಬಿದ್ದು ಸೊಂಟ ಮುರಿದುಕೊಂಡ. ಕೆಲಸ ಕೊಟ್ಟವನು ಕೈಬಿಟ್ಟ. ಊರಿನ ಬಂಧುಗಳು ಫೋನಿನಲ್ಲಿ ಮರುಗಿದರು. ಆಸ್ಪತ್ರೆಗೆ ಬುತ್ತಿ ಕಟ್ಟಿಕೊಂಡು ಬಂದವರು, ಮಕ್ಕಳನ್ನು ರಾತ್ರಿ ತಮ್ಮ ಮನೆಯಲ್ಲಿ ಮಲಗಿಸಿಕೊಂಡವರು, ಹಾಸಿಗೆಯ ಪಕ್ಕ ಕುಳಿತು ಅವನ ಹೆಸರು ಹಿಡಿದು ಪ್ರಾರ್ಥನೆ ಮಾಡಿದವರು ಪಕ್ಕದ ಶೆಡ್ಡಿನ ಕ್ರೈಸ್ತ ಕುಟುಂಬದವರು. ಇಂದು ಅವನು ಭಾನುವಾರ ತಪ್ಪದೆ ಸಭೆಗೆ ಹೋಗುತ್ತಾನೆ. ಊರಿಗೆ ಬಂದಾಗ ಹಿರಿಯರೊಬ್ಬರು ಎಷ್ಟು ರೊಕ್ಕ ಕೊಟ್ಟರು ಎಂದು ಎಲ್ಲರೆದುರು ಕೇಳಿದರು. ಅವನು ಹೇಳಿದ್ದು ಇಷ್ಟೇ: "ದವಾಖಾನ್ಯಾಗ ಬಿದ್ದಿದ್ದೆ ಯಜ್ಮಾನ್ರ, ನಮ್ಮೋರು ಯಾರ್ ಬಂದಿದ್ರಿ ಹೇಳ್ರಿ? ಅವ್ರು ದಿನಾ ಬರ್ತಿದ್ರು." ಕ್ರೈಸ್ತರ ತ್ರಯೇಕತ್ವವೆಂದರೇನು ಎಂದು ಕೇಳಿದರೆ ಅವನಿಗೆ ಹೇಳಲು ಬಾರದು. ಹಿಂದೆ ಅದ್ವೈತವೆಂದರೇನು ಎಂದು ಕೇಳಿದ್ದರೂ ಹೇಳಲು ಬರುತ್ತಿರಲಿಲ್ಲ. ಆಗ ಯಾರೂ ಅವನನ್ನು ಕೇಳಲಿಲ್ಲ.

ಕಾಯಿಲೆಯ ಹಾಸಿಗೆಯಲ್ಲಿ ನಂಬಿಕೆ ಬದಲಾಗುವುದು ಹೊರಗಿನವರು ತಂದ ತಂತ್ರವೆಂದು ಭಾವಿಸುವವರಿಗೆ ಮಾನ್ವಿಯದೇ ಕಥೆಯೊಂದನ್ನು ನೆನಪಿಸಬೇಕು. 18ನೆಯ ಶತಮಾನದಲ್ಲಿ ಅಲ್ಲಿದ್ದ ಶ್ರೀನಿವಾಸಾಚಾರ್ಯರು ದೊಡ್ಡ ಸಂಸ್ಕೃತ ಪಂಡಿತರು. ಕನ್ನಡದಲ್ಲಿ ಹಾಡಿ ಕುಣಿಯುವ ಹರಿದಾಸರೆಂದರೆ ಅವರಿಗೆ ತಾತ್ಸಾರ. ವಿಜಯದಾಸರು ಊಟಕ್ಕೆ ಕರೆದಾಗ ಹೊಟ್ಟೆನೋವೆಂದು ನೆಪ ಹೇಳಿ ತಪ್ಪಿಸಿಕೊಂಡರು, ಆ ನೋವು ನಿಜವಾಗಿಯೇ ಬಂದು ಹಾಸಿಗೆ ಹಿಡಿಸಿತು, ವಿಜಯದಾಸರ ಶಿಷ್ಯರಾದ ಗೋಪಾಲದಾಸರು ತಮ್ಮ ಆಯುಷ್ಯದಲ್ಲಿ ನಲವತ್ತು ವರ್ಷಗಳನ್ನು ಅವರಿಗೆ ದಾನ ಮಾಡಿ ಉಳಿಸಿದರು ಎಂದು ಸಂಪ್ರದಾಯ ಹೇಳುತ್ತದೆ. ಆ ಪಂಡಿತರೇ ಮುಂದೆ ಜಗನ್ನಾಥದಾಸರಾದರು. ಇದು ಮತಾಂತರವಲ್ಲ, ಒಂದೇ ಮತದೊಳಗಿನ ಪರಿವರ್ತನೆ ಎಂಬುದು ನಿಜ. ಆದರೆ ವಾದದಲ್ಲಿ ಸೋಲದ ಮನುಷ್ಯ ಮಣಿದದ್ದು ತನಗಾಗಿ ತಮ್ಮ ಆಯುಷ್ಯವನ್ನೇ ಕೊಟ್ಟವರೆದುರು ಎಂಬ ತಿಳಿವಳಿಕೆ ಆ ಕಥೆಯಲ್ಲಿದೆ. 1965ರಲ್ಲಿ ಜಾನ್ ಲೋಫ್‌ಲ್ಯಾಂಡ್ ಮತ್ತು ರಾಡ್ನಿ ಸ್ಟಾರ್ಕ್ ಎಂಬ ಸಮಾಜಶಾಸ್ತ್ರಜ್ಞರು ಅಮೆರಿಕದ ಒಂದು ಚಿಕ್ಕ ಪಂಥಕ್ಕೆ ಸೇರಿದವರನ್ನು ಹತ್ತಿರದಿಂದ ನೋಡಿ ಬರೆದದ್ದೂ ಇದಕ್ಕೆ ದೂರವಿಲ್ಲ: ಬದುಕಿನಲ್ಲಿ ಒಂದು ತಿರುವು, ಹೊಸ ಗುಂಪಿನವರೊಡನೆ ಆಪ್ತ ಸಂಬಂಧ, ಹಳೆಯ ಸಂಬಂಧಗಳ ಸಡಿಲಿಕೆ, ಇವು ಕೂಡಿದಾಗ ಜನ ಬದಲಾಗುತ್ತಾರೆ.

ಹಾಗಾದರೆ ಆಮಿಷ ಸುಳ್ಳೇ? ಪೂರ್ತಿ ಸುಳ್ಳೆನ್ನಲಾರೆ. ಅಕ್ಕಿ, ಶಾಲೆಯ ಸೀಟು, ರೋಗ ವಾಸಿಯಾಗುತ್ತದೆ ಎಂಬ ಹುಸಿ ಭರವಸೆ, ಇವನ್ನು ಮುಂದಿಡುವವರು ಇದ್ದಾರೆ. ಕೊನೆಯದನ್ನಂತೂ ನಾನು ಯಾವ ಮತದವರು ಮಾಡಿದರೂ ಕ್ರೌರ್ಯವೆಂದೇ ಎಣಿಸುತ್ತೇನೆ. ಆದರೆ ಅಕ್ಕಿಯಿಂದ ಮತ ಬದಲಾಗುವುದಾದರೆ ಬಳ್ಳಾರಿಯ ಚರಿತ್ರೆ ಬೇರೆಯಾಗಬೇಕಿತ್ತು. ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ 1810ರಲ್ಲಿಯೇ ಬಳ್ಳಾರಿಗೆ ಬಂದು ಶಾಲೆ ತೆರೆದ, ಬೈಬಲ್ಲನ್ನು ಕನ್ನಡಕ್ಕೆ ತಂದ. 1876ರಿಂದ 78ರವರೆಗಿನ ಮಹಾಕ್ಷಾಮ ಆ ಜಿಲ್ಲೆಯನ್ನು ನೆಲಕಚ್ಚಿಸಿತು. ಮಿಷನ್ ಇತ್ತು, ಹಸಿವೂ ಇತ್ತು, ಆಳುವವರೂ ಅದೇ ಮತದವರಾಗಿದ್ದರು. ಆದರೂ ಬಳ್ಳಾರಿ ಜಿಲ್ಲೆಯಲ್ಲಿ ಕ್ರೈಸ್ತರು ಇಂದಿಗೂ ಬಹಳ ಸಣ್ಣ ಸಂಖ್ಯೆಯಲ್ಲಿದ್ದಾರೆ. ಅಕ್ಕಿಗಾಗಿ ಬಂದವರು ಅಕ್ಕಿ ಮುಗಿದಾಗ ಹೋಗುತ್ತಾರೆ.

ಉಳಿಯುವವರಲ್ಲಿ ಹಲವರು ಮರ್ಯಾದೆಗಾಗಿ ಬಂದವರು. ಅಂಬೇಡ್ಕರ್ ಅವರು ಹಿಂದೂವಾಗಿ ಸಾಯುವುದಿಲ್ಲವೆಂದು ಮಹಾರಾಷ್ಟ್ರದ ಯೇವಲೆಯಲ್ಲಿ ಘೋಷಿಸಿದ್ದು 1935ರ ಅಕ್ಟೋಬರ್ 13ರಂದು. ನಾಗಪುರದಲ್ಲಿ ಲಕ್ಷಾಂತರ ಜನರೊಡನೆ ಬೌದ್ಧರಾದದ್ದು 1956ರ ಅಕ್ಟೋಬರ್ 14ರಂದು. ನಡುವಿನ 21 ವರ್ಷ ಅವರು ಓದಿದರು, ಮತಗಳನ್ನು ತೂಗಿ ನೋಡಿದರು. ಓದಿ ವಿಚಾರ ಮಾಡಿ ಬದಲಾದವರಿಗೆ ಅವರಿಗಿಂತ ದೊಡ್ಡ ಉದಾಹರಣೆ ನನಗೆ ಗೊತ್ತಿಲ್ಲ. ಆದರೆ ಅವರನ್ನೂ ಆ ಓದಿಗೆ ಹಚ್ಚಿದ್ದು ನೀರು ಮುಟ್ಟಗೊಡದ ಕೆರೆ, ಬಾಗಿಲು ಹಾಕಿಕೊಂಡ ಗುಡಿ. ನಮ್ಮ ಹಳ್ಳಿಗಳಲ್ಲಿ ಚಹಾದಂಗಡಿಯ ಲೋಟ, ಕ್ಷೌರದಂಗಡಿಯ ಕುರ್ಚಿ, ಗುಡಿಯ ಕಟ್ಟೆ ಇವುಗಳ ಜಗಳ ಇನ್ನೂ ಮುಗಿದಿಲ್ಲ. ಅಂಥ ಊರಿನಲ್ಲಿ ನಿಂತು ಯಾರೋ ಪುಸಲಾಯಿಸಿದ್ದರಿಂದ ಇವರು ಹೋದರು ಎನ್ನುವುದು ನನಗೆ ಕಣ್ಣುಮುಚ್ಚಿ ಆಡಿದ ಮಾತಾಗಿ ಕಾಣುತ್ತದೆ.

ಇದಕ್ಕೆ ಕಾನೂನಿನ ಒಂದು ತೊಡಕೂ ಇದೆ. 1950ರ ಪರಿಶಿಷ್ಟ ಜಾತಿಗಳ ಆದೇಶದಂತೆ ಹಿಂದೂಗಳು, 1956ರಿಂದ ಸಿಖ್ಖರು, 1990ರಿಂದ ಬೌದ್ಧರು ಮಾತ್ರ ಪರಿಶಿಷ್ಟ ಜಾತಿಯವರೆನಿಸಿಕೊಳ್ಳಬಹುದು. ಕ್ರೈಸ್ತ ಅಥವಾ ಇಸ್ಲಾಂ ಮತಕ್ಕೆ ಹೋದ ದಲಿತನು ಆ ಸ್ಥಾನವನ್ನು ಕಳೆದುಕೊಳ್ಳುತ್ತಾನೆ. ಪರಿಶಿಷ್ಟ ಪಂಗಡಗಳಿಗೆ ಈ ಕಟ್ಟು ಇಲ್ಲ, ಆದ್ದರಿಂದ ನಮ್ಮ ಕಡೆಯ ನಾಯಕ ಜನಾಂಗದವರಿಗೆ ಇದು ತಟ್ಟುವುದಿಲ್ಲ. ಪರಿಣಾಮವೇನೆಂದರೆ ಭಾನುವಾರ ಸಭೆಗೆ ಹೋಗುವವನು ಜಾತಿ ಪ್ರಮಾಣಪತ್ರದಲ್ಲಿ ಹಿಂದೂವಾಗಿಯೇ ಉಳಿಯುತ್ತಾನೆ, ಜನಗಣತಿಯವರಿಗೂ ಹಾಗೆಯೇ ಹೇಳುತ್ತಾನೆ. ಅದನ್ನು ಮೋಸವೆಂದು ಬೈಯುವವರಿದ್ದಾರೆ. ಆದರೆ ಮತ ಬದಲಿಸಿದರೆ ಲಾಭವಿದೆ ಎಂಬ ವಾದಕ್ಕೂ, ಬದಲಿಸಿದ್ದನ್ನು ಹೇಳಿಕೊಂಡರೆ ಮಕ್ಕಳ ಮೀಸಲಾತಿ ಹೋಗುತ್ತದೆ ಎಂಬ ವಸ್ತುಸ್ಥಿತಿಗೂ ತಾಳೆಯಾಗುವುದಿಲ್ಲ ಎಂಬುದನ್ನು ಅವರು ಗಮನಿಸಬೇಕು. ಕರ್ನಾಟಕದಲ್ಲಿ 2022ರಲ್ಲಿ ಬಂದ ಕಾಯ್ದೆಯು ಮತಾಂತರಕ್ಕೆ 30 ದಿನ ಮೊದಲೇ ಜಿಲ್ಲಾಧಿಕಾರಿಗೆ ತಿಳಿಸಬೇಕೆಂದು ವಿಧಿಸಿತ್ತು. 2023ರ ಜೂನ್‌ನಲ್ಲಿ ಮುಂದಿನ ಸರ್ಕಾರದ ಸಚಿವ ಸಂಪುಟವು ಅದನ್ನು ರದ್ದುಗೊಳಿಸಲು ತೀರ್ಮಾನಿಸಿತು. ಮದುವೆಗಾಗಿ ಮತ ಬದಲಿಸುವವರ ವಿಷಯವನ್ನು ನಾನು ಇಲ್ಲಿ ಬೆಳೆಸುವುದಿಲ್ಲ. 1954ರ ವಿಶೇಷ ವಿವಾಹ ಕಾಯ್ದೆಯಡಿ ಇಬ್ಬರೂ ತಮ್ಮ ತಮ್ಮ ಮತದಲ್ಲಿಯೇ ಇದ್ದು ಮದುವೆಯಾಗಬಹುದು. ಅದನ್ನು ಬಿಟ್ಟು ಬದಲಿಸುವವರಲ್ಲಿ ಹೆಚ್ಚಿನವರು ಒಂದು ಮನೆಯವರ ಸಮಾಧಾನಕ್ಕಾಗಿ ಹಾಗೆ ಮಾಡುತ್ತಾರೆ.

ಸಮೀಕ್ಷೆಗೆ ಸಿಗದ ಬದಲಾವಣೆ ಎಂದು ಮೊದಲು ಹೇಳಿದೆನಷ್ಟೆ, ನನ್ನ ದೃಷ್ಟಿಯಲ್ಲಿ ದೊಡ್ಡದು ಅದೇ. ಮುದಗಲ್ಲಿನ ಮೊಹರಂ ಹೆಸರಾದದ್ದು. ಸುತ್ತಲಿನ ಎಷ್ಟೋ ಊರುಗಳಲ್ಲಿ ಅಲಾಯಿ ದೇವರನ್ನು, ಎಂದರೆ ಮೊಹರಂನ ಪಂಜಾಗಳನ್ನು, ಹೊರುವವರು, ಹರಕೆ ಹೊತ್ತು ಫಕೀರರಾಗುವವರು ಹಿಂದೂಗಳೇ. ಈಗ ಕೆಲವು ಮುಸ್ಲಿಂ ಯುವಕರು ಇದು ಶುದ್ಧ ಇಸ್ಲಾಂ ಅಲ್ಲವೆಂದು ದೂರ ಸರಿಯುತ್ತಿದ್ದಾರೆ, ಕೆಲವು ಹಿಂದೂ ಯುವಕರು ಇದು ನಮ್ಮದಲ್ಲವೆಂದು ದೂರ ಸರಿಯುತ್ತಿದ್ದಾರೆ. ಅಜ್ಜನ ನಂಬಿಕೆಯನ್ನು ಇಬ್ಬರೂ ಬಿಟ್ಟಿದ್ದಾರೆ, ಆದರೆ ಇಬ್ಬರನ್ನೂ ಯಾರೂ ಮತ ಬಿಟ್ಟವರೆನ್ನುವುದಿಲ್ಲ. ಹಾಗೆಯೇ, ಚಿಕ್ಕಂದಿನಲ್ಲಿ ಮುತ್ತು ಕಟ್ಟಿಸಿಕೊಂಡು ದೇವದಾಸಿಯಾದ ತಾಯಿಯ ಮಗಳೊಬ್ಬಳು ನನ್ನ ವಿದ್ಯಾರ್ಥಿನಿಯಾಗಿದ್ದಳು. ಆ ಪದ್ಧತಿಯನ್ನು ನಿಷೇಧಿಸುವ 1982ರ ಕಾಯ್ದೆಯನ್ನು ತರಗತಿಯಲ್ಲಿ ಅವಳೇ ಎಲ್ಲರಿಗಿಂತ ಚೆನ್ನಾಗಿ ವಿವರಿಸಿದಳು. ತಾಯಿ ಇಂದಿಗೂ ಹುಣ್ಣಿಮೆಗೆ ದೇವಿಯ ಎಡೆಯ ಬುಟ್ಟಿಯಾದ ಪಡ್ಡಲಗಿಯನ್ನು ತುಂಬಿಸುತ್ತಾಳೆ. ಮಗಳು ದೇವಿಗೆ ಕೈಮುಗಿಯುವುದಿಲ್ಲ, ಬೇರೆ ಯಾವ ದೇವರಿಗೂ ಮುಗಿಯುವುದಿಲ್ಲ, ಅರ್ಜಿಗಳಲ್ಲಿ ಮಾತ್ರ ಹಿಂದೂ ಎಂದು ಬರೆಯುತ್ತಾಳೆ. ಅವಳನ್ನು ನಾಸ್ತಿಕಳನ್ನಾಗಿ ಮಾಡಿದ್ದು ವಿಜ್ಞಾನದ ಪಾಠವೆಂದು ಹೇಳಲು ನನಗೆ ಮನಸ್ಸು ಬಾರದು.

ಯಾವ ಗಾಯವೂ ಇಲ್ಲದೆ, ಬರೀ ಯೋಚಿಸಿ ಬಿಟ್ಟವರೂ ಇದ್ದಾರೆ. ಸಂಖ್ಯೆ ಕಡಿಮೆಯೆಂದು ಅವರನ್ನು ತಳ್ಳಿಹಾಕಬಾರದು. ಅವರಲ್ಲಿ ನಾನು ಕಂಡದ್ದು ಬಂಡಾಯವನ್ನಲ್ಲ, ಬೇಸರವನ್ನು: ಪ್ರಶ್ನೆ ಕೇಳಿದಾಗಲೆಲ್ಲ ಹಿರಿಯರು ಗದರಿಸಿದರು, ಕೇಳುವುದು ನಿಂತಿತು, ಕೇಳುವುದು ನಿಂತ ಮೇಲೆ ಪೂಜೆಯೂ ನಿಂತಿತು. ತಂದೆ ತೀರಿಕೊಂಡಾಗ ಮಾತ್ರ ಅವರಿಗೆ ಬಿಕ್ಕಟ್ಟು ಬರುತ್ತದೆ. ತಾಯಿಯ ಮುಖ ನೋಡಿ ಕರ್ಮಾಂತರಗಳನ್ನೆಲ್ಲ ಮಾಡುತ್ತಾರೆ. ಅದನ್ನು ಆಷಾಢಭೂತಿತನ ಎನ್ನುವವರೊಡನೆ ನನಗೆ ಒಪ್ಪಿಗೆಯಿಲ್ಲ.

ನಿಮ್ಮ ತಮ್ಮನ ವಿಷಯ. ಅವನು ಈ ಯಾವ ಬಗೆಯವನೆಂದು ನಾನು ಇಲ್ಲಿ ಕುಳಿತು ಹೇಳಲಾರೆ. ಏಕೆ ಬಿಟ್ಟೆ ಎಂದು ಕೇಳಬೇಡಿ. ಆ ಪ್ರಶ್ನೆಗೆ ಎಲ್ಲರೂ ಎಲ್ಲಿಂದಲೋ ಕಲಿತ ಉತ್ತರ ಕೊಡುತ್ತಾರೆ, ಇಲ್ಲವೇ ವಾದಕ್ಕೆ ನಿಲ್ಲುತ್ತಾರೆ. ಯಾವಾಗಿನಿಂದ ಎಂದು ಕೇಳಿ. ಅವನು ಹೇಳುವ ವರ್ಷದ ಹಿಂದುಮುಂದಿನ ತಿಂಗಳುಗಳಲ್ಲಿ ಅವನಿಗೆ ಏನಾಗಿತ್ತು, ಯಾರು ತೀರಿಕೊಂಡಿದ್ದರು, ಯಾವ ಕೆಲಸ ಹೋಗಿತ್ತು, ಮನೆಯವರಲ್ಲಿ ಯಾರು ಅವನ ಮಾತಿಗೆ ನಕ್ಕಿದ್ದರು ಎಂಬುದನ್ನು ನೀವೇ ನೆನಪು ಮಾಡಿಕೊಳ್ಳಿ, ಆಗ ನೀವು ಎಲ್ಲಿದ್ದಿರಿ ಎಂಬುದನ್ನೂ ಕೂಡ. ಅವನು ಹೇಳಲು ಆರಂಭಿಸಿದರೆ ನಡುವೆ ದೇವರ ಪರವಾಗಿ ವಕಾಲತ್ತು ವಹಿಸಬೇಡಿ. ಮುಂದಿನ ಜಾತ್ರೆಗೆ ಅವನು ಬಾರದಿದ್ದರೂ ಜಾತ್ರೆಯ ಹೋಳಿಗೆಯನ್ನು ಅವನ ಮನೆಗೆ ಕಳುಹಿಸಿ. ತಿನ್ನುವುದು ಬಿಡುವುದು ಅವನಿಗೆ ಸೇರಿದ್ದು.