ಸ್ವಿಂಗ್ ಕೆಲಸ ಒಪ್ಪಿಕೊಳ್ಳಬಹುದೇ?

ಸಂಗೀತ ನಾಟಕದ ನೃತ್ಯವೃಂದದಲ್ಲಿ ಖಾಯಂ ಜಾಗ ಬಯಸಿದ್ದೆ, ಸ್ವಿಂಗ್ ಕೆಲಸ (ಯಾರಾದರೂ ಬಾರದ ದಿನ ಅವರ ಬದಲಿಗೆ ಕುಣಿಯುವ ಕೆಲಸ) ಕೊಟ್ಟಿದ್ದಾರೆ, ಒಪ್ಪಿಕೊಂಡರೆ ಪರದೆಯ ಹಿಂದೆಯೇ ಉಳಿದುಬಿಡುತ್ತೇನೆಯೇ ಎಂದು ಕೇಳಿದ್ದೀರಿ. ನನ್ನ ಮಾತು ಕೇಳುವುದಾದರೆ ಒಪ್ಪಿಕೊಳ್ಳಿ.

ವೃಂದದ ನರ್ತಕರು ಒಂದು ಪಾತ್ರ ಕಲಿತರೆ ಸಾಕು. ಸ್ವಿಂಗ್ ಆದವರು ಏಳೆಂಟನ್ನು ತಲೆಯಲ್ಲಿ ಇಟ್ಟುಕೊಂಡಿರಬೇಕು, ಯಾರು ರಜೆ ಹಾಕಿದರೂ ಆ ಜಾಗಕ್ಕೆ ಇಳಿಯಬೇಕು. ನಾನು ಸ್ವಿಂಗ್ ಆಗಿದ್ದಾಗ ಟಿಪ್ಪಣಿ ಬರೆಯಲು ಒಂದೊಂದು ಪಾತ್ರಕ್ಕೆ ಒಂದೊಂದು ಬಣ್ಣದ ಶಾಯಿ ಇಟ್ಟುಕೊಂಡಿದ್ದೆ. ವೇದಿಕೆಯ ಮುಂದಿನ ಅಂಚಿನಲ್ಲಿ ನಡುವೆ ಸೊನ್ನೆ, ಎರಡೂ ಕಡೆ 2, 4, 6 ಎಂದು ಗುರುತು ಇರುತ್ತದಲ್ಲ, ಅದೇ ನಕ್ಷೆ: ‘ಎಡಕ್ಕೆ 6, ಎರಡನೇ ಸಾಲು, ಕುರ್ಚಿ ಎತ್ತಿಕೊಂಡು ಹೊರಗೆ.’ ಒಮ್ಮೆ ಮಧ್ಯಂತರದಲ್ಲಿ ಒಬ್ಬರ ಕಾಲು ಉಳುಕಿತು. ಅವರ ಬೆವರು ಆರದ ಅಂಗಿಯನ್ನೇ ತೊಟ್ಟು ಉಳಿದರ್ಧ ಕುಣಿದೆ. ಗುಂಡಿ ಹಾಕುವಾಗ ಕೈ ನಡುಗುತ್ತಿತ್ತು, ನಿಜ. ಪರದೆಯ ಹಿಂದೆಯೇ ಉಳಿಯುತ್ತೀರಿ ಎಂದೇನಿಲ್ಲ; ನೃತ್ಯದ ಶಿಸ್ತು ಕಾಯುವ ಡಾನ್ಸ್ ಕ್ಯಾಪ್ಟನ್ ಹುದ್ದೆ ಅನೇಕ ಸಲ ಸ್ವಿಂಗ್‌ಗಳಿಗೇ ಸಿಗುತ್ತದೆ.

ಹಾಡು ದುರ್ಬಲ ಎಂದಿದ್ದೀರಿ. ನನಗೆ ಅದೇ ದೊಡ್ಡ ಚಿಂತೆ. ನ್ಯೂಯಾರ್ಕ್‌ನ ನಾಟಕರಂಗವಾದ ಬ್ರಾಡ್‌ವೇಯಲ್ಲಿ ವಾರಕ್ಕೆ ಸಾಮಾನ್ಯವಾಗಿ 8 ಪ್ರದರ್ಶನ. ಕುಣಿದು ಏದುಸಿರು ಬಿಡುವಾಗಲೂ ಸ್ವರ ನಿಲ್ಲಬೇಕು, ಆದ್ದರಿಂದ ಸ್ಕಿಪ್ಪಿಂಗ್ ಹಗ್ಗ ಜಿಗಿಯುತ್ತಾ ಹಾಡಿ ಅಭ್ಯಾಸ ಮಾಡಿ.

ವಯಸ್ಸಿನ ಭಯ ಬಿಡಿ. ಬ್ರಾಡ್‌ವೇಯ ಹೆಸರಾಂತ ನಟಿ, ನರ್ತಕಿ ಚೀಟಾ ರಿವೆರಾ 1986ರ ಕಾರು ಅಪಘಾತದಲ್ಲಿ ಕಾಲು ಮುರಿದುಕೊಂಡರೂ 1993ರಲ್ಲಿ, 60ನೇ ವಯಸ್ಸಿನಲ್ಲಿ, ಬ್ರಾಡ್‌ವೇ ನಾಟಕಗಳಿಗೆ ಕೊಡುವ ಟೋನಿ ಪ್ರಶಸ್ತಿ ಗೆದ್ದರು.

ಸಹಿ ಹಾಕುವ ಮುನ್ನ ಎಷ್ಟು ಪಾತ್ರ, ತಾಲೀಮು ಎಷ್ಟು ದಿನ, ವೇದಿಕೆ ಏರಿದ ದಿನ ಹೆಚ್ಚುವರಿ ಸಂಭಾವನೆ ಉಂಟೇ ಎಂದು ಕೇಳಿಕೊಳ್ಳಿ.