ಪದೇ ಪದೇ ಜಾರುವ ಭುಜ: ಕಾರಟಗಿ ಅಣ್ಣಾರ ಪ್ರಶ್ನೆಗೆ

ಅಣ್ಣಾರ, ನಿಮ್ಮ ಮಗನಿಗೆ ಇಪ್ಪತ್ತೆರಡು, ಮೊದಲು ಕಬಡ್ಡಿಯಲ್ಲಿ ಭುಜ ಜಾರಿತ್ತು, ಈಗ ಭತ್ತದ ಚೀಲ ಎತ್ತುವಾಗ ಮತ್ತೆ ಜಾರಿ ತಾನೇ ಕೂತಿತು, ಭುಜಕ್ಕೆ ಬೆಲ್ಟ್ ಹಾಕಿಕೊಂಡು ಹಮಾಲಿ ಮುಂದುವರಿಸಬಹುದಾ ಅಂತ ಕೇಳೀರಿ. ನಾನು ಗಂಗಾವತಿ ಕಡೆ ಫಿಸಿಯೋಥೆರಪಿ ಮಾಡುವವನು. ಬೆಲ್ಟ್ ನಂಬಿ 75 ಕೆಜಿ ಚೀಲಕ್ಕೆ ಕೈ ಹಾಕಿಸಬ್ಯಾಡ್ರಿ. ಯಾಕೆ ಜಾರುತ್ತಿದೆ ಅನ್ನೋದು ಮೊದಲು ಗೊತ್ತಾಗಬೇಕು.

ಭುಜದ ಕೀಲಿನಲ್ಲಿ ತೋಳಿನ ಎಲುಬಿನ ತುದಿಯ ಗುಂಡು ದೊಡ್ಡದು, ಅದು ಕೂರುವ ಬಟ್ಟಲು ಚಿಕ್ಕದು, ಆಳವೂ ಇಲ್ಲ. ಗುಂಡನ್ನು ಹಿಡಿದಿರೋದು ಬಟ್ಟಲಿನ ಸುತ್ತಲ ಮೆತ್ತನೆಯ ಅಂಚು, ಕೀಲಿನ ಪೊರೆ, ಮೇಲೆ ನಾಲ್ಕು ಸ್ನಾಯುಗಳು. ಕೈ ಮೇಲಕ್ಕೆತ್ತಿ ಹೊರಗೆ ತಿರುಗಿದ್ದಾಗ ಯಾರಾದರೂ ಎಳೆದರೆ ಗುಂಡು ಮುಂದಕ್ಕೆ ಜಾರುತ್ತದೆ, ಜಾರುವಾಗ ಅಂಚನ್ನು ಕಿತ್ತುಬಿಡುತ್ತದೆ. ಕೀಲು ಮತ್ತೆ ಕೂತರೂ ಕಿತ್ತ ಅಂಚು ಎಷ್ಟೋ ಸಲ ತನ್ನ ಜಾಗಕ್ಕೆ ಅಂಟೋದಿಲ್ಲ. ಒಡ್ಡು ಒಡೆದ ಗದ್ದೆಯಲ್ಲಿ ನೀರು ಅಲ್ಲೇ ದಾರಿ ಹಿಡಿದ ಹಾಗೆ, ಗುಂಡು ಮತ್ತೆ ಅಲ್ಲೇ ಜಾರುತ್ತದೆ. ಹರೆಯದ ಹುಡುಗರಲ್ಲಿ ಇದು ಬಹಳ. ಜಾರಿದಷ್ಟೂ ಎಲುಬೂ ಸವೆಯುತ್ತದೆ.

ಇನ್ನು ಕೆಲವರಿಗೆ ಪೆಟ್ಟೇ ಬಿದ್ದಿರೋದಿಲ್ಲ, ಹುಟ್ಟಿನಿಂದ ಕೀಲುಗಳೇ ಸಡಿಲ. ಅವರಿಗೆ ತಿಂಗಳುಗಟ್ಟಲೆ ವ್ಯಾಯಾಮವೇ ಮೊದಲ ಚಿಕಿತ್ಸೆ, ಆಪರೇಷನ್ ಅಪರೂಪ.

ಕೊಪ್ಪಳದ ಕಿಮ್ಸ್, ರಾಯಚೂರಿನ ರಿಮ್ಸ್, ಬಳ್ಳಾರಿಯಲ್ಲಿ ಮೊದಲು ವಿಮ್ಸ್ ಅನ್ನುತ್ತಿದ್ದ ಬಿಎಂಸಿಆರ್‌ಸಿ, ಈ ಸರ್ಕಾರಿ ಆಸ್ಪತ್ರೆಗಳಲ್ಲಿ ಯಾವುದು ಹತ್ತಿರವೋ ಅಲ್ಲಿ ಎಲುಬಿನ ಡಾಕ್ಟರಿಗೆ ತೋರಿಸ್ರಿ. ಎಕ್ಸ್‌ರೇಯಲ್ಲಿ ಎಲುಬು ಕಾಣುತ್ತದೆ, ಅಂಚು ನೋಡಲು ಎಂಆರ್‌ಐ ಬೇಕಾಗಬಹುದು. ಆಯುಷ್ಮಾನ್ ಕಾರ್ಡ್ ಒಯ್ಯಿರಿ. ಅಂಚು ಕಿತ್ತು ಪದೇ ಪದೇ ಜಾರುತ್ತಿದ್ದರೆ ಸಣ್ಣ ತೂತು ಹಾಕಿ ಮಾಡುವ ದುರ್ಬೀನು ಆಪರೇಷನ್ನಿನಲ್ಲಿ ಹೊಲಿಯುತ್ತಾರೆ. ಎಲುಬು ಹೆಚ್ಚು ಸವೆದಿದ್ದರೆ ಎಲುಬಿನ ತುಂಡು ಕೂರಿಸುವ ಬೇರೆ ಆಪರೇಷನ್. ಆಮೇಲೆ ಭಾರದ ಕೆಲಸಕ್ಕೆ ನಾಲ್ಕರಿಂದ ಆರು ತಿಂಗಳು ಕಾಯಬೇಕು.

ಯಾವ ಚಿಕಿತ್ಸೆ ಅಂತ ತೀರ್ಮಾನ ಆಗುವವರೆಗೆ ಕೈ ತಲೆಯ ಮೇಲೆ ಎತ್ತೋದು, ಯೂರಿಯಾ ಎರಚೋದು, ತಲೆ ಕೆಳಗೆ ಕೈ ಇಟ್ಟು ಮಲಗೋದು ಬ್ಯಾಡ. ನೋವು ಇಳಿದ ಮೇಲೆ, ಡಾಕ್ಟರು ಹೂಂ ಅಂದರೆ, ಹಳೇ ಸೈಕಲ್ ಟ್ಯೂಬನ್ನು ಕಿಟಕಿ ಸರಳಿಗೆ ಕಟ್ಟಿ, ಮೊಣಕೈ ಪಕ್ಕೆಗೆ ಒತ್ತಿ ಹಿಡಿದು, ನಿಧಾನಕ್ಕೆ ಒಳಗೆ, ಹೊರಗೆ ಎಳೆಯಲಿ. ಜಾರುವ ಅನುಭವ ಬಂದರೆ ಅಲ್ಲೇ ನಿಲ್ಲಿಸಲಿ.

ಮತ್ತೆ ಜಾರಿದರೆ ಯಾರ ಕೈಯಿಂದಲೂ ಎಳೆಸಬ್ಯಾಡ್ರಿ. ಎಲುಬು ಮುರಿದಿದ್ದರೆ ಎಳೆತದಿಂದ ನರಕ್ಕೂ ಪೆಟ್ಟಾಗಬಹುದು. ಕೈ ಇದ್ದ ಹಾಗೇ ಟವಲಿನಲ್ಲಿ ಕಟ್ಟಿ ಆಸ್ಪತ್ರೆಗೆ ಒಯ್ಯಿರಿ. ತೋಳಿನ ಹೊರಮೈ ಜೋಮು ಹಿಡಿದರೆ, ಬೆರಳು ತಣ್ಣಗಾದರೆ ತಡ ಮಾಡಬ್ಯಾಡ್ರಿ. ಪಂಪ್‌ಸೆಟ್ಟಿನ ಕರೆಂಟ್ ಹೊಡೆದೋ ಫಿಟ್ಸ್ ಬಂದೋ ಜಾರಿದ್ದರೆ ಡಾಕ್ಟರಿಗೆ ಮರೆಯದೆ ಹೇಳ್ರಿ. ಆಗ ಗುಂಡು ಹಿಂದಕ್ಕೆ ಜಾರಿರಬಹುದು, ಒಂದೇ ಎಕ್ಸ್‌ರೇಯಲ್ಲಿ ತಪ್ಪಿಹೋಗುವುದುಂಟು.

ಅವನ ಇನ್ನೊಂದು ಭುಜವೂ ಸಡಿಲ ಅನಿಸುತ್ತದಾ? ಕೇಳಿ ತಿಳಿಸ್ರಿ.